ಡ್ರಮ್ಮು ಬಾರಿಸುವವನ ಹೆಬ್ಬೆರಳು

ಹತ್ತೊಂಬತ್ತನೇ ಶತಮಾನದ ಪ್ರಷ್ಯಾದ ಸೈನ್ಯದಲ್ಲಿ ಡ್ರಮ್ಮಿನ ಸದ್ದಿಲ್ಲದೆ ಯಾವ ಕೆಲಸವೂ ನಡೆಯುತ್ತಿರಲಿಲ್ಲ. ಬೆಳಿಗ್ಗೆ ಏಳುವುದಕ್ಕೆ ಒಂದು ಬಡಿತ, ಸಾಲುಗಟ್ಟಿ ನಿಲ್ಲುವುದಕ್ಕೆ ಇನ್ನೊಂದು, ಮುನ್ನುಗ್ಗುವುದಕ್ಕೆ ಮಗದೊಂದು. ಈ ಡ್ರಮ್ಮನ್ನು ಹೆಗಲಿನ ಪಟ್ಟಿಯಿಂದ ಇಳಿಬಿಟ್ಟು ಎಡತೊಡೆಗೆ ಒರಗಿಸಿಕೊಳ್ಳುತ್ತಿದ್ದರು. ಹೀಗಾಗಿ ಅದರ ಮುಖ ಓರೆಯಾಗಿ ಬಲಕ್ಕೆ ವಾಲುತ್ತಿತ್ತು. ಬಲಗೈಯ ಕೋಲನ್ನು ಸುತ್ತಿಗೆ ಹಿಡಿದ ಹಾಗೆ ಹಿಡಿಯಬಹುದು. ಎಡಗೈಗೆ ಆ ಅನುಕೂಲವಿಲ್ಲ. ಅಂಗೈ ಮೇಲೆ ಮಾಡಿ, ಹೆಬ್ಬೆರಳು ಮತ್ತು ತೋರುಬೆರಳಿನ ಸಂದಿಯಲ್ಲಿ ಕೋಲನ್ನು ಸಿಕ್ಕಿಸಿಕೊಂಡು, ಮಣಿಕಟ್ಟನ್ನು ತಿರುಗಿಸಿ ತಿರುಗಿಸಿ ಬಾರಿಸಬೇಕು. ಹೊಸದಾಗಿ ಸೇರಿದ ಹುಡುಗರಿಗೆ ಇದನ್ನು ಗಂಟೆಗಟ್ಟಲೆ ಅಭ್ಯಾಸ ಮಾಡಿಸುತ್ತಿದ್ದರು.

ಹೀಗೆ ಅಭ್ಯಾಸ ಮಾಡುತ್ತಿದ್ದವರಲ್ಲಿ ಕೆಲವರ ಎಡ ಹೆಬ್ಬೆರಳು ಒಂದು ದಿನ ಇದ್ದಕ್ಕಿದ್ದಂತೆ ಸೋತುಬಿಡುತ್ತಿತ್ತು. ಅದಕ್ಕೂ ಮೊದಲು ಕೆಲವು ವಾರ ಮಣಿಕಟ್ಟಿನ ಹಿಂಬದಿಯಲ್ಲಿ ಅಷ್ಟಿಷ್ಟು ನೋವು, ಊತ ಇರುತ್ತಿದ್ದುದುಂಟು. ಆಮೇಲೆ ಬೆರಳಿನ ತುದಿಗೆಣ್ಣು ಒಳಕ್ಕೆ ಬಾಗಿ ಜೋತುಬೀಳುತ್ತಿತ್ತು. ಏನು ಮಾಡಿದರೂ ಅದನ್ನು ನೆಟ್ಟಗೆ ಮಾಡಲಾಗುತ್ತಿರಲಿಲ್ಲ. ಕೋಲು ಕೈಯಿಂದ ಜಾರುತ್ತಿತ್ತು. ಜರ್ಮನ್ ಸೈನ್ಯದ ವೈದ್ಯರು ಇದಕ್ಕೆ ‘ಟ್ರೋಮ್ಲರ್‌ಲೇಮುಂಗ್’ ಎಂದು ಹೆಸರಿಟ್ಟರು. ಡ್ರಮ್ಮಿನವರ ಲಕ್ವ ಎಂದು ಅದರ ಅರ್ಥ.

ಹೆಸರು ಚೆನ್ನಾಗಿಯೇ ಇತ್ತು, ಆದರೆ ತಪ್ಪಾಗಿತ್ತು. ಲಕ್ವವೆಂದರೆ ನರದ ಕಾಯಿಲೆ. ಮಿದುಳಿನಿಂದ ಹೊರಟ ಆಜ್ಞೆ ಮಾಂಸಖಂಡಕ್ಕೆ ಮುಟ್ಟದೇ ಹೋದರೆ ಅದು ಲಕ್ವ. ಡ್ರಮ್ಮಿನ ಹುಡುಗರಲ್ಲಿ ಆಜ್ಞೆ ಮುಟ್ಟುತ್ತಿತ್ತು, ಮಾಂಸಖಂಡ ಸೆಟೆದು ಎಳೆಯುತ್ತಲೂ ಇತ್ತು. ಆದರೆ ಎಳೆತವನ್ನು ಬೆರಳಿಗೆ ಮುಟ್ಟಿಸುವ ಹಗ್ಗವೇ ಹರಿದುಹೋಗಿತ್ತು. ಚರ್ಮದ ಮೇಲೆ ಒಂದು ಗೀರೂ ಇಲ್ಲದೆ ಒಳಗಿನ ಸ್ನಾಯುರಜ್ಜು ಸವೆದು ತುಂಡಾಗಬಹುದೆಂಬ ಮಾತು ಅಂದಿನ ವೈದ್ಯರಿಗೆ ಸುಲಭವಾಗಿ ಹೊಳೆಯುವಂಥದ್ದಲ್ಲ. ಪ್ಯಾರಿಸ್ಸಿನ ಶಸ್ತ್ರವೈದ್ಯ ಸೀಮೋನ್ ಡ್ಯೂಪ್ಲೆ 1876ರಲ್ಲಿ ಬಲ ಹೆಬ್ಬೆರಳಿನ ಇಂಥದೇ ಒಂದು ಪ್ರಕರಣವನ್ನು ಬರೆದಿದ್ದ. ಆದರೂ ಜರ್ಮನ್ ಸೈನ್ಯದಲ್ಲಿ ಇದು ಲಕ್ವವಲ್ಲ, ರಜ್ಜು ಹರಿದದ್ದು ಎಂಬುದು ಸ್ಪಷ್ಟವಾಗಿ ಬರಹಕ್ಕೆ ಬರುವಷ್ಟರಲ್ಲಿ 1890ರ ದಶಕ ಬಂದಿತ್ತು.

ನರಕ್ಕೂ ರಜ್ಜುವಿಗೂ ನಡುವಿನ ಈ ಗೊಂದಲ ಇಂದು ನಿನ್ನೆಯದಲ್ಲ. ನಮ್ಮಲ್ಲಿ ಯಾರಿಗಾದರೂ ಕೈ ಉಳುಕಿದರೆ ‘ನರ ಎಳೆದಿದೆ’ ಎನ್ನುತ್ತೇವೆ. ಕತ್ತಿನ ಹಿಂದೆ ಹಿಡಿದುಕೊಂಡರೂ ನರ, ಮುಂಗೈ ಮೇಲೆ ಎದ್ದು ಕಾಣುವ ನೀಲಿ ರಕ್ತನಾಳವೂ ನರ, ಹಿಮ್ಮಡಿಯ ಮೇಲಿನ ಗಟ್ಟಿ ಹುರಿಯೂ ನರವೇ. ಇದು ಕನ್ನಡಿಗರ ಅಜ್ಞಾನವೆಂದು ಯಾರೂ ಸಂಕೋಚಪಡಬೇಕಿಲ್ಲ. ಪ್ರಾಚೀನ ಗ್ರೀಕರು ‘ನ್ಯೂರಾನ್’ ಎನ್ನುತ್ತಿದ್ದುದು ಮೊದಲಿಗೆ ಇಂಥ ಹುರಿಯನ್ನೇ, ಬಿಲ್ಲಿನ ಹೆದೆಯನ್ನೇ. ಇಂದು ನ್ಯೂರಾನ್ ಎಂದರೆ ಮಿದುಳಿನ ಜೀವಕೋಶ. ಶಬ್ದ ಒಂದೇ, ವಸ್ತು ಬದಲಾಯಿತು. ಸುಶ್ರುತ ಸಂಹಿತೆಯಲ್ಲಿ ದಪ್ಪ ಹುರಿಗಳಿಗೆ ‘ಕಂಡರಾ’ ಎಂಬ ಬೇರೆಯ ಹೆಸರೇ ಇದೆ. ದೇಹದಲ್ಲಿ ಅವು ಹದಿನಾರು ಎಂದು ಅದು ಎಣಿಸುತ್ತದೆ. ಬೆರಳುಗಳಿಂದ ತೋಳಿನ ಹಿಂಬದಿಗೆ ಹೋಗುವ ಕಂಡರಾ ವಾತದಿಂದ ಕೆಟ್ಟರೆ ಕೈ ಕೆಲಸಕ್ಕೆ ಬಾರದಂತಾಗುತ್ತದೆಂದೂ, ಅದು ವಿಶ್ವಾಚೀ ಎಂಬ ರೋಗವೆಂದೂ ಹೇಳುತ್ತದೆ. ಇಂದಿನ ಪಂಡಿತರು ವಿಶ್ವಾಚಿಯನ್ನು ಕತ್ತಿನಿಂದ ಕೈಗಿಳಿಯುವ ನರದ ನೋವಿಗೆ ಹೋಲಿಸುವುದೇ ಹೆಚ್ಚು. ಅಲ್ಲಿಯೂ ಗೊಂದಲ ತಪ್ಪಲಿಲ್ಲ ಎನ್ನಬೇಕು.

ಯೂರೋಪಿನಲ್ಲಿ ಈ ಗೊಂದಲಕ್ಕೆ ರೋಗಿಗಳು ಬೆಲೆ ತೆರಬೇಕಾಯಿತು. ಎರಡನೇ ಶತಮಾನದ ಮಹಾವೈದ್ಯ ಗ್ಯಾಲನ್, ಪೆರ್ಗಾಮಮ್ ನಗರದಲ್ಲಿ ಅಖಾಡದ ಕಾದಾಳುಗಳಿಗೆ ಚಿಕಿತ್ಸೆ ಮಾಡಿ ಕೈಪಳಗಿದವನು. ಸ್ನಾಯುರಜ್ಜುವಿನಲ್ಲಿ ನರದ ಅಂಶವೂ ಬೆರೆತಿದೆ ಎಂದು ಅವನು ತಿಳಿದಿದ್ದ. ಹಾಗಾದರೆ ಅದಕ್ಕೆ ಸೂಜಿ ಚುಚ್ಚಿದರೆ ರೋಗಿಗೆ ಸೆಳವು ಬಂದು ಸಾಯಬಹುದಲ್ಲವೆ? ಅವನ ಮಾತನ್ನು ವೇದವಾಕ್ಯವೆಂದು ನಂಬಿದ ಮುಂದಿನವರಲ್ಲಿ ಹಲವರು ತುಂಡಾದ ರಜ್ಜುವನ್ನು ಹೊಲಿಯಲು ಹೆದರಿದರು. ಹೊಲಿಯಬಹುದು ಎಂದು ಹೇಳಿದವರಲ್ಲಿ ಇಬ್ನ್ ಸೀನಾ ಪ್ರಮುಖ. ಆದರೆ ಹೆದರಿಕೆ ಪೂರ್ತಿ ಹೋಗಲಿಲ್ಲ. 1752ರಲ್ಲಿ ಗಾಟಿಂಗೆನ್ ವಿಶ್ವವಿದ್ಯಾಲಯದ ಪ್ರಾಧ್ಯಾಪಕ ಆಲ್ಬ್ರೆಕ್ಟ್ ಫಾನ್ ಹಾಲರ್ ತನ್ನ ಪ್ರಯೋಗಗಳ ಫಲವನ್ನು ಮಂಡಿಸಿದ. ಜೀವಂತ ಪ್ರಾಣಿಗಳ ರಜ್ಜುಗಳನ್ನು ಚುಚ್ಚಿ, ಕೊಯ್ದು, ಸುಟ್ಟು ನೋಡಿದ್ದ. ಇಂದು ಓದುವಾಗ ಮೈ ನಡುಗಿಸುವ ಪ್ರಯೋಗಗಳು. ಪ್ರಾಣಿಗಳು ನರವನ್ನು ಮುಟ್ಟಿದಾಗ ಕಿರುಚಿದವು, ರಜ್ಜುವನ್ನು ಕೊಯ್ದಾಗ ಸುಮ್ಮನಿದ್ದವು. ಸಾವಿರದೈನೂರು ವರ್ಷಗಳ ಭಯಕ್ಕೆ ಆಧಾರವಿಲ್ಲವೆಂದು ಅಲ್ಲಿಗೆ ತೋರಿತು. ರಜ್ಜು ಹಾಲರ್ ತಿಳಿದಷ್ಟು ಸಂವೇದನಾಶೂನ್ಯವಲ್ಲ, ಅದರ ಹೊದಿಕೆಯಲ್ಲಿ ನರತುದಿಗಳಿವೆ ಎಂಬುದು ಇಂದಿನ ತಿಳಿವಳಿಕೆ. ಆದರೂ ನೋವು ಹೆಚ್ಚಾಗಿ ಹೊದಿಕೆಯದು, ಒಳಗಿನ ಹುರಿಯದಲ್ಲ. ಡ್ರಮ್ಮಿನ ಹುಡುಗನ ರಜ್ಜು ಹರಿದ ಕ್ಷಣದಲ್ಲಿ ಅವನು ಚೀರಿ ಕೂಗದೆ, ‘ಕೋಲು ಯಾಕೆ ಬಿತ್ತು’ ಎಂದು ಕೈ ನೋಡಿಕೊಂಡಿದ್ದರೆ ಅದಕ್ಕೆ ಕಾರಣ ಇದೇ.

ಈಗ ಓದುಗರು ಪತ್ರಿಕೆಯನ್ನು ಒಂದು ಗಳಿಗೆ ಕೆಳಗಿಟ್ಟು ತಮ್ಮ ಹೆಬ್ಬೆರಳನ್ನು ಬಲವಾಗಿ ಮೇಲಕ್ಕೆ ಸೆಟೆಸಿ ನೋಡಬೇಕು. ಹೆಬ್ಬೆರಳಿನ ಬುಡದಲ್ಲಿ, ಮಣಿಕಟ್ಟಿನ ಪಕ್ಕಕ್ಕೆ, ಎರಡು ಹುರಿಗಳು ಎದ್ದು ನಿಂತು ನಡುವೆ ಒಂದು ಸಣ್ಣ ಗುಳಿ ಬೀಳುತ್ತದೆ. ಅಂಗರಚನಾ ಶಾಸ್ತ್ರದಲ್ಲಿ ಇದರ ಹೆಸರು ನಶ್ಯದ ಡಬ್ಬಿ! ಫ್ರೆಂಚರೂ ಇಂಗ್ಲಿಷರೂ ನಶ್ಯದ ಪುಡಿಯನ್ನು ಈ ಗುಳಿಯಲ್ಲಿ ಹಾಕಿಕೊಂಡು ಮೂಗಿಗೆ ಏರಿಸುತ್ತಿದ್ದರು. ನಮ್ಮ ಅಜ್ಜಂದಿರು ಚಿಟಿಕೆಯಲ್ಲೇ ಕೆಲಸ ಮುಗಿಸುತ್ತಿದ್ದರಾದ್ದರಿಂದ ಈ ಗುಳಿಗೆ ಕನ್ನಡದಲ್ಲಿ ಹೆಸರು ಬಂದಿಲ್ಲವೆಂದು ಕಾಣುತ್ತದೆ. ಈ ಲೇಖನದ ಕಥೆಯೆಲ್ಲ ನಡೆಯುವುದು ಆ ಗುಳಿಯ ಎರಡು ದಂಡೆಗಳ ಮೇಲೆ.

ಹೆಬ್ಬೆರಳನ್ನು ಎತ್ತುವ ಮಾಂಸಖಂಡಗಳು ಹೆಬ್ಬೆರಳಿನಲ್ಲಿಲ್ಲ. ಅವು ಇರುವುದು ಮೊಣಕೈ ಮತ್ತು ಮಣಿಕಟ್ಟಿನ ನಡುವೆ, ಮುಂದೋಳಿನಲ್ಲಿ. ಸೂತ್ರದ ಬೊಂಬೆಯನ್ನು ತೆರೆಯ ಮೇಲಿನಿಂದ ಆಡಿಸುವ ಹಾಗೆ ಅವು ದೂರದಿಂದ ಉದ್ದನೆಯ ರಜ್ಜುಗಳ ಮೂಲಕ ಬೆರಳನ್ನು ಆಡಿಸುತ್ತವೆ. ಈ ರಜ್ಜುಗಳು ಮಣಿಕಟ್ಟನ್ನು ದಾಟುವಾಗ ಮೇಲಕ್ಕೆ ನೆಗೆಯದಂತೆ ಒಂದು ಗಟ್ಟಿ ಪಟ್ಟಿ ಅವನ್ನು ಎಲುಬಿಗೆ ಒತ್ತಿ ಹಿಡಿದಿದೆ. ಪಟ್ಟಿಯ ಕೆಳಗೆ ಆರು ಸುರಂಗಗಳು. ಹೆಬ್ಬೆರಳಿನ ಕಡೆಯ ಮೊದಲ ಸುರಂಗದಲ್ಲಿ ಎರಡು ರಜ್ಜುಗಳು ಜೊತೆಯಾಗಿ ಹೋಗುತ್ತವೆ. ಅದು ಗುಳಿಯ ಒಂದು ದಂಡೆ. ಮೂರನೆಯ ಸುರಂಗದಲ್ಲಿ ಒಂದೇ ಒಂದು ಉದ್ದನೆಯ ರಜ್ಜು. ಅದು ಎಲುಬಿನ ಮೇಲಿನ ಒಂದು ಪುಟ್ಟ ಗುಬುಟನ್ನು ಬಳಸಿ, ರಾಟೆಯ ಮೇಲಿನ ಹಗ್ಗದಂತೆ ಓರೆಯಾಗಿ ತಿರುಗಿ ಹೆಬ್ಬೆರಳಿನ ತುದಿಗೆ ಹೋಗುತ್ತದೆ. ಇದು ಇನ್ನೊಂದು ದಂಡೆ. ಆ ಗುಬುಟಿಗೆ ಕ್ರಿಮಿನಾಶಕ ಶಸ್ತ್ರಚಿಕಿತ್ಸೆಯ ಪಿತಾಮಹ ಜೋಸೆಫ್ ಲಿಸ್ಟರನ ಹೆಸರಿದೆ. ಬಾವಿಯ ರಾಟೆ ಕಂಡವರಿಗೆ ಮುಂದಿನದನ್ನು ವಿವರಿಸಬೇಕಿಲ್ಲ. ಹಗ್ಗ ಸವೆಯುವುದು ಸಾಮಾನ್ಯವಾಗಿ ತಿರುವಿನಲ್ಲೇ. ಡ್ರಮ್ಮಿನವರಿಗೆ ಹರಿದದ್ದು ಇದೇ ರಜ್ಜು.

ಇದೇ ರಜ್ಜು ಇನ್ನೊಂದು ವಿಚಿತ್ರ ಸಂದರ್ಭದಲ್ಲೂ ಹರಿಯುತ್ತದೆ. ಜಾರಿ ಬಿದ್ದು ಕೈ ಊರಿದಾಗ ಮಣಿಕಟ್ಟಿನ ಎಲುಬು ಮುರಿಯುವುದನ್ನು ಎಲ್ಲರೂ ಬಲ್ಲರು. 1814ರಲ್ಲಿ ಡಬ್ಲಿನ್ನಿನ ಅಬ್ರಹಾಂ ಕಾಲಿಸ್ ಇದನ್ನು ವರ್ಣಿಸಿದ. ಆತನ ಕಾಲಕ್ಕೆ ಎಕ್ಸ್‌ರೇ ಇರಲಿಲ್ಲ, ಬರೀ ಕೈಮುಟ್ಟಿ ಕಂಡುಕೊಂಡದ್ದು. ಎಲುಬು ಕೂಡಿಕೊಂಡು, ಪಟ್ಟು ಬಿಚ್ಚಿ, ಎಲ್ಲ ಸರಿಯಾಯಿತೆಂದು ಕೊಂಡಾಡುತ್ತಿರುವಾಗ, ಬಿದ್ದ ಕೆಲವು ವಾರಗಳಿಗೋ ಎರಡು ಮೂರು ತಿಂಗಳಿಗೋ ಕೆಲವರಿಗೆ ಹೆಬ್ಬೆರಳು ಜೋತುಬೀಳುತ್ತದೆ. ಸ್ವಾರಸ್ಯವೇನೆಂದರೆ ಎಲುಬು ಚೂರುಚೂರಾಗಿ ಸರಿದವರಿಗಿಂತ, ಸಣ್ಣ ಬಿರುಕು ಬಿಟ್ಟು ಸ್ವಸ್ಥಾನದಲ್ಲೇ ಉಳಿದವರಲ್ಲಿ ಇದು ಹೆಚ್ಚು. ಎಲುಬು ಸರಿದಾಗ ಮೇಲಿನ ಪಟ್ಟಿಯೂ ಕಿತ್ತು ಸುರಂಗ ಬಾಯಿಬಿಡುತ್ತದೆ. ಸರಿಯದೆ ಉಳಿದರೆ ಮುಚ್ಚಿದ ಸುರಂಗದೊಳಗೆ ರಕ್ತ ಕಟ್ಟಿ, ಮೊದಲೇ ರಕ್ತ ಪೂರೈಕೆ ಕಡಿಮೆಯಿರುವ ಆ ತಿರುವಿನಲ್ಲಿ ರಜ್ಜು ಆಹಾರವಿಲ್ಲದೆ ಕೊಳೆಯುತ್ತದೆ ಎಂಬುದು ತಜ್ಞರು ಕೊಡುವ ವಿವರಣೆ. ಸಣ್ಣ ಪೆಟ್ಟೆಂದು ಉದಾಸೀನ ಮಾಡಿದವರಿಗೇ ಈ ಶಿಕ್ಷೆ.

ಗುಳಿಯ ಇನ್ನೊಂದು ದಂಡೆಗೆ ಬರೋಣ. ಅಲ್ಲಿ ಹರಿಯುವುದು ಅಪರೂಪ, ನೋಯುವುದೇ ಮಾಮೂಲು. ಈ ನೋವಿಗೆ ಇಂದು ಲೋಕವೆಲ್ಲ ಹೇಳುವುದು ಡಿ ಕೆರ್ವೇನ್ ರೋಗವೆಂದು. ಫ್ರಿಟ್ಸ್ ಡಿ ಕೆರ್ವೇನ್ 1868ರಲ್ಲಿ ಸ್ವಿಟ್ಜರ್ಲೆಂಡಿನ ಸಿಯೋನ್ ಎಂಬಲ್ಲಿ ಪಾದ್ರಿಯೊಬ್ಬರ ಮಗನಾಗಿ ಹುಟ್ಟಿದ. ಮನೆ ತುಂಬ ಮಕ್ಕಳು, ಒಟ್ಟು ಹತ್ತು. ತಮ್ಮಂದಿರಲ್ಲೊಬ್ಬ ಆಲ್ಫ್ರೆಡ್, 1912ರಲ್ಲಿ ಗ್ರೀನ್‌ಲ್ಯಾಂಡಿನ ಹಿಮಗಡ್ಡೆಯನ್ನು ಅಡ್ಡಹಾಯ್ದ ಸಾಹಸಿ. ಫ್ರಿಟ್ಸ್ ಓದಿದ್ದು ಬರ್ನ್ ನಗರದಲ್ಲಿ. ಹಾಲರ್ ಹುಟ್ಟಿದ ಊರೂ ಅದೇ. ಗುರು ಥಿಯೋಡರ್ ಕೋಚರ್. ಗಳಗಂಡ ಗ್ರಂಥಿಯ ಮೇಲಿನ ಕೆಲಸಕ್ಕಾಗಿ 1909ರಲ್ಲಿ ನೊಬೆಲ್ ಪಡೆದವನು, ಆ ಪಾರಿತೋಷಕ ಪಡೆದ ಮೊದಲ ಶಸ್ತ್ರವೈದ್ಯ.

ಡಿ ಕೆರ್ವೇನ್ ತನ್ನ ವೃತ್ತಿಯ ಆರಂಭದ ಬಹುಪಾಲು ವರ್ಷಗಳನ್ನು ಕಳೆದ ಊರು ಲಾ ಶೋ ದ ಫೋನ್. ಇದು ಗಡಿಯಾರದ ಊರು. ಚಂಡೀಗಢ ನಗರವನ್ನು ಕಟ್ಟಿಕೊಟ್ಟ ಶಿಲ್ಪಿ ಲ ಕಾರ್ಬೂಸಿಯೇ ಹುಟ್ಟಿದ್ದು (1887) ಇಲ್ಲೇ. ಕಾರ್ಲ್ ಮಾರ್ಕ್ಸ್ ತನ್ನ ‘ಬಂಡವಾಳ’ ಗ್ರಂಥದಲ್ಲಿ ಈ ಊರನ್ನೇ ಒಂದು ದೊಡ್ಡ ಗಡಿಯಾರದ ಕಾರ್ಖಾನೆ ಎಂಬಂತೆ ಬಣ್ಣಿಸಿದ್ದಾನೆ. ಮನೆ ಮನೆಯಲ್ಲೂ ಕಿಟಕಿಯ ಬೆಳಕಿಗೆ ಬೆಂಚು ಹಾಕಿಕೊಂಡು ಒಬ್ಬ ಹಲ್ಲುಚಕ್ರ ಅರೆದರೆ, ಇನ್ನೊಬ್ಬ ಮುಳ್ಳು ಕೂರಿಸುತ್ತಿದ್ದ. ಹೆಬ್ಬೆರಳು ಮತ್ತು ತೋರುಬೆರಳಿನ ಹಿಡಿತದ ಮೇಲೇ ಊರಿನ ಅನ್ನ. ಇಂಥ ಊರಿನ ಶಸ್ತ್ರವೈದ್ಯನೊಬ್ಬನ ಹೆಸರು ಹೆಬ್ಬೆರಳಿನ ರೋಗಕ್ಕೆ ಅಂಟಿಕೊಂಡದ್ದು ಕಾಕತಾಳೀಯವಿರಬಹುದು, ಆದರೆ ಒಪ್ಪುವಂಥ ಕಾಕತಾಳೀಯ.

1894ರ ಡಿಸೆಂಬರಿನಲ್ಲಿ ಅವನ ಬಳಿಗೆ ಬಂದ ಮೊದಲ ರೋಗಿ 35 ವರ್ಷದ ಒಬ್ಬ ಹೆಂಗಸು. ಹೆಬ್ಬೆರಳಿನ ಬುಡದ ಮೇಲಿನ ಎಲುಬಿನ ಮೊನೆಯಲ್ಲಿ ತಡೆಯಲಾರದ ನೋವು. ಏನನ್ನಾದರೂ ಹಿಡಿಯಲು ಹೋದರೆ ನೋವು ಮೇಲಕ್ಕೆ ಮೊಣಕೈಯವರೆಗೆ, ಕೆಳಕ್ಕೆ ಬೆರಳ ತುದಿಯವರೆಗೆ ಚಿಮ್ಮುತ್ತದೆ. ಹೊರಗೆ ನೋಡಿದರೆ ಹೆಚ್ಚೇನೂ ಇಲ್ಲ. ರಜ್ಜು ಹೋಗುವ ಒರೆಯೇ ದಪ್ಪಗಾಗಿ ರಜ್ಜುವನ್ನು ಹಿಸುಕುತ್ತಿದೆ ಎಂದು ಡಿ ಕೆರ್ವೇನ್ ತರ್ಕಿಸಿದ. ಕತ್ತಿಗಿಂತ ಒರೆ ಚಿಕ್ಕದಾದರೆ ಕತ್ತಿ ಸರಾಗವಾಗಿ ಆಡುವುದಾದರೂ ಹೇಗೆ? ಶಸ್ತ್ರಕ್ರಿಯೆ ಮಾಡಿ ಒರೆಯನ್ನು ಬಿಡಿಸಿದ. ನೋವು ಹೋಯಿತು. ಮರುವರ್ಷ, 1895ರಲ್ಲಿ, ಸ್ವಿಸ್ ವೈದ್ಯರ ಪತ್ರಿಕೆಯೊಂದರಲ್ಲಿ ಐದು ಪ್ರಕರಣಗಳನ್ನು ಕುರಿತು ಒಂದು ಸಣ್ಣ ಲೇಖನ ಬರೆದ. ಗುರು ಕೋಚರ್ ಇಂಥ ರೋಗಿಗಳನ್ನು ಕಂಡಿದ್ದನೆಂಬುದನ್ನು ಮುಚ್ಚಿಡಲಿಲ್ಲ. 1912ರಲ್ಲಿ ಇನ್ನಷ್ಟು ಪ್ರಕರಣಗಳೊಂದಿಗೆ ಮತ್ತೊಂದು ಲೇಖನ ಬಂತು. ಆಮೇಲೆ ಆತ ಬಾಸೆಲ್ ನಗರದಲ್ಲಿ ಪ್ರಾಧ್ಯಾಪಕನಾಗಿದ್ದು, 1918ರಲ್ಲಿ ಬರ್ನ್ ನಗರದಲ್ಲಿ ಗುರುವಿನ ಪೀಠಕ್ಕೇ ಬಂದ. ಜೀವನದ ಉಳಿದ ಭಾಗವನ್ನೆಲ್ಲ ಗಳಗಂಡಕ್ಕೆ ಮೀಸಲಿಟ್ಟ. ಉಪ್ಪಿಗೆ ಅಯೋಡಿನ್ ಬೆರೆಸುವ ಸ್ವಿಸ್ ಪ್ರಯತ್ನದ ಬೆಂಬಲಿಗರಲ್ಲಿ ಆತನೂ ಒಬ್ಬ. 1940ರಲ್ಲಿ ತೀರಿಕೊಂಡ. ಆತನ ಕಣ್ಣಿನಲ್ಲಿ ಹೆಬ್ಬೆರಳಿನ ಲೇಖನ ಬಹಳ ಸಣ್ಣ ಕೆಲಸವಾಗಿದ್ದಿರಬೇಕು.

ಆದರೆ ಈ ನೋವನ್ನು ಮೊದಲು ಕಂಡವನು ಡಿ ಕೆರ್ವೇನ್ ಅಲ್ಲ. ಇಂಗ್ಲೆಂಡಿನ ವೈದ್ಯ ವಿದ್ಯಾರ್ಥಿಗಳ ಬೈಬಲ್ಲಿನಂತಿರುವ ‘ಗ್ರೇಸ್ ಅನಾಟಮಿ’ಯ 1893ರ ಆವೃತ್ತಿಯಲ್ಲೇ ಇದರ ಪ್ರಸ್ತಾಪವಿದೆ. ಅಲ್ಲಿ ಅದಕ್ಕಿದ್ದ ಹೆಸರು ‘ಬಟ್ಟೆ ಒಗೆಯುವವಳ ಉಳುಕು’. ನೆನೆದು ಭಾರವಾದ ಹೊದಿಕೆಯನ್ನು ಎರಡು ಕೈಯಲ್ಲಿ ಹಿಡಿದು ಹಿಂಡುವ ಕ್ರಮವನ್ನು ನೆನೆಸಿಕೊಳ್ಳಿ. ಹೆಬ್ಬೆರಳು ಬಿಗಿಯಾಗಿ ಒತ್ತಿರುತ್ತದೆ, ಮಣಿಕಟ್ಟು ಕಿರುಬೆರಳಿನ ಕಡೆಗೆ ತಿರುಚುತ್ತದೆ. ಮೊದಲ ಸುರಂಗದ ರಜ್ಜುಗಳು ಅತಿ ಹೆಚ್ಚು ಜಗ್ಗುವ ಭಂಗಿ ಇದೇ. ಎರಡೇ ವರ್ಷಗಳ ಅಂತರದಲ್ಲಿ ಬಂದ ಈ ಎರಡು ಬರಹಗಳಲ್ಲಿ ಒಂದು ದುಡಿಯುವವಳ ಹೆಸರಿಟ್ಟಿತು, ಇನ್ನೊಂದಕ್ಕೆ ಮುಂದಿನವರು ವೈದ್ಯನ ಹೆಸರಿಟ್ಟರು. ಉಳಿದುಕೊಂಡದ್ದು ವೈದ್ಯನ ಹೆಸರು. ಇದರಲ್ಲಿ ಆಶ್ಚರ್ಯವಿಲ್ಲ. ಆದರೆ ಕಳೆದುಕೊಂಡದ್ದೂ ಉಂಟು. ಹಳೆಯ ಹೆಸರಿನಲ್ಲಿ ರೋಗದ ಕಾರಣ ಇತ್ತು, ಹೊಸ ಹೆಸರಿನಲ್ಲಿ ಇಲ್ಲ.

ಕಾರಣ ಕೇಳುವುದನ್ನು ವೈದ್ಯರಿಗೆ ಕಲಿಸಿದವನು ಇಟಲಿಯ ಬರ್ನಾರ್ಡಿನೋ ರಮಾಜ್ಜೀನಿ. ರೋಗಿಯನ್ನು ಕೇಳಬೇಕಾದ ಪ್ರಶ್ನೆಗಳ ಸಾಲಿಗೆ ‘ನೀನು ಮಾಡುವ ಕೆಲಸವೇನು’ ಎಂಬ ಇನ್ನೊಂದನ್ನು ಸೇರಿಸಿರೆಂದು ಆತ ಹೇಳಿದ. ಕಸುಬುದಾರರ ರೋಗಗಳನ್ನು ಕುರಿತ ಆತನ ಗ್ರಂಥ ಮೊದಲು ಅಚ್ಚಾದದ್ದು 1700ರಲ್ಲಿ. 1713ರಲ್ಲಿ ಹೊಸ ಅಧ್ಯಾಯಗಳನ್ನು ಸೇರಿಸಿ ಬೆಳೆಸಿದ. ಕಕ್ಕಸು ತೊಳೆಯುವವರಿಂದ ಹಿಡಿದು ವಿದ್ವಾಂಸರವರೆಗೆ ಯಾರನ್ನೂ ಬಿಟ್ಟಿಲ್ಲ. ಅದರಲ್ಲಿ ಬರವಣಿಗೆಯವರ ಬಗ್ಗೆ ಒಂದು ಅಧ್ಯಾಯ. ಆತನ ಪರಿಚಯದ ಒಬ್ಬ ದಸ್ತಾವೇಜು ಬರೆಯುವವ ಬರೆದು ಬರೆದು ಬಲಗೈ ದಣಿದು, ಕಡೆಗೆ ಅದು ಕೆಲಸಕ್ಕೆ ಬಾರದಂತಾಯಿತಂತೆ. ಹೊಟ್ಟೆಪಾಡು ಬಿಡುತ್ತದೆಯೆ? ಎಡಗೈಯಲ್ಲಿ ಬರೆಯುವುದನ್ನು ಕಲಿತ. ಸ್ವಲ್ಪ ದಿನಕ್ಕೆ ಎಡಗೈಗೂ ಅದೇ ಗತಿ ಬಂತು. ಅದು ರಜ್ಜುವಿನ ರೋಗವೋ ನರದ ರೋಗವೋ ಇಂದು ನಿರ್ಧರಿಸುವಂತಿಲ್ಲ. ಆದರೆ ಒಂದೇ ಚಲನೆಯನ್ನು ದಿನವಿಡೀ ಮಾಡಿದರೆ ಕೈ ಕೆಡುತ್ತದೆಂಬುದನ್ನು ಮುನ್ನೂರು ವರ್ಷಗಳ ಹಿಂದೆಯೇ ಒಬ್ಬ ವೈದ್ಯ ಬರೆದಿಟ್ಟಿದ್ದ.

ತಂತಿ ಬಂದಮೇಲೆ ಇದೇ ದೂರು ಹೊಸ ವೇಷದಲ್ಲಿ ಬಂತು. ಮೋರ್ಸ್ ಕೀಲಿಯನ್ನು ದಿನಕ್ಕೆ ಸಾವಿರಾರು ಸಲ ಕುಟ್ಟುವ ಗುಮಾಸ್ತರ ಕೈ ಸೆಟೆದುಕೊಳ್ಳುತ್ತಿತ್ತು. ಅಮೆರಿಕದವರು ಇದನ್ನು ‘ಗಾಜಿನ ತೋಳು’ ಎಂದರು. ಬ್ರಿಟನ್ನಿನಲ್ಲಿ 1908ರಲ್ಲಿ ಪರಿಹಾರ ಕೊಡಬೇಕಾದ ಕಸುಬಿನ ರೋಗಗಳ ಪಟ್ಟಿಗೆ ಇದನ್ನು ಸೇರಿಸಿದರು. ಕಂಪೆನಿಗಳು ಕೈಗೆ ಔಷಧ ಹುಡುಕುತ್ತಿದ್ದಾಗ ಹೊರೇಸ್ ಮಾರ್ಟಿನ್ ಎಂಬ ಅಮೆರಿಕನ್ 1904ರಲ್ಲಿ ಕೀಲಿಯನ್ನೇ ಬದಲಿಸಿ ಪೇಟೆಂಟ್ ಪಡೆದ. ಕುಟ್ಟುವ ಬದಲು ಪಕ್ಕಕ್ಕೆ ತಳ್ಳಿದರೆ ಚುಕ್ಕೆಗಳು ತಾವಾಗಿಯೇ ಸಾಲಾಗಿ ಹೋಗುವ ಯಂತ್ರ ಅದು. ಮನುಷ್ಯನನ್ನು ಸರಿಪಡಿಸುವ ಬದಲು ಉಪಕರಣವನ್ನು ಸರಿಪಡಿಸುವ ಈ ಬುದ್ಧಿ ಡ್ರಮ್ಮಿನ ಸೈನ್ಯಕ್ಕೆ ಹೊಳೆಯಲಿಲ್ಲ. ನಮ್ಮ ದೇಶದಲ್ಲಿ ತಂತಿ ಸೇವೆ 2013ರ ಜುಲೈನಲ್ಲಿ ನಿಂತಿತು.

ಡಿ ಕೆರ್ವೇನ್ ರೋಗವನ್ನು ಗುರುತಿಸುವ ಒಂದು ಸುಲಭ ಪರೀಕ್ಷೆ ಈಗ ಬಹಳ ಪ್ರಸಿದ್ಧ. ಹೆಬ್ಬೆರಳನ್ನು ಮುಷ್ಟಿಯೊಳಗೆ ಮಡಿಸಿ, ಮುಷ್ಟಿಯನ್ನು ಕಿರುಬೆರಳಿನ ಕಡೆಗೆ ಬಗ್ಗಿಸುವುದು. ಚುರುಕ್ಕೆಂದರೆ ರೋಗವಿದೆ ಎಂದರ್ಥ. ಇದನ್ನು ನ್ಯೂಯಾರ್ಕಿನ ಹ್ಯಾರಿ ಫಿಂಕಲ್‌ಸ್ಟೈನ್ ಹೆಸರಿನಿಂದ ಕರೆಯುತ್ತಾರೆ. ಆದರೆ ಫಿಂಕಲ್‌ಸ್ಟೈನ್ 1930ರಲ್ಲಿ ಬರೆದದ್ದು ಬೇರೆ. ವೈದ್ಯನೇ ರೋಗಿಯ ಹೆಬ್ಬೆರಳನ್ನು ಹಿಡಿದು ಕೈಯನ್ನು ಥಟ್ಟನೆ ಪಕ್ಕಕ್ಕೆ ಸರಿಸಬೇಕು ಎಂದು ಆತ ಹೇಳಿದ್ದು. ಮುಷ್ಟಿಯ ಪರೀಕ್ಷೆ ಜರ್ಮನಿಯ ಐಕ್‌ಹಾಫ್‌ನದು, 1927ರದು. ಪಠ್ಯಪುಸ್ತಕಗಳು ಒಬ್ಬನ ಮಗುವಿಗೆ ಇನ್ನೊಬ್ಬನ ಹೆಸರಿಟ್ಟವು. ಹೋಗಲಿ ಎನ್ನಬಹುದಿತ್ತು, ಆದರೆ ಮುಷ್ಟಿಯ ಪರೀಕ್ಷೆ ಆರೋಗ್ಯವಂತರಿಗೂ ಒಂದಿಷ್ಟು ನೋವು ಕೊಡುತ್ತದೆ. ಈಗಷ್ಟೇ ಮುಷ್ಟಿ ಬಿಗಿದು ನೋಡಿ ಗಾಬರಿಯಾದ ಓದುಗರು ಸಮಾಧಾನ ತಂದುಕೊಳ್ಳಬಹುದು.

ತಪ್ಪು ಹೆಸರಿನ ಮಾತು ಬಂದದ್ದರಿಂದ ಇನ್ನೊಂದನ್ನೂ ಹೇಳಬೇಕು. ನಾವು ಇದನ್ನು ಉರಿಯೂತವೆಂದು ಕರೆಯುತ್ತ ಬಂದಿದ್ದೇವೆ. ಇಂಗ್ಲಿಷಿನ ಹೆಸರಿನ ಬಾಲದಲ್ಲೂ ಅದೇ ಅರ್ಥವಿದೆ. ಶಸ್ತ್ರಕ್ರಿಯೆಯಲ್ಲಿ ತೆಗೆದ ಒರೆಯ ಚೂರುಗಳನ್ನು ಸೂಕ್ಷ್ಮದರ್ಶಕದಲ್ಲಿ ಪರೀಕ್ಷಿಸಿದ ಬ್ರಿಟನ್ನಿನ ವೈದ್ಯರು 1998ರಲ್ಲಿ ಪ್ರಕಟಿಸಿದ್ದು ಬೇರೆಯೇ ಚಿತ್ರ. ಉರಿಯೂತದ ಕೋಶಗಳು ಅಲ್ಲಿ ಮುಖ್ಯವಾಗಿ ಕಾಣಲಿಲ್ಲ. ಒರೆಯೊಳಗೆ ಲೋಳೆಯಂಥ ವಸ್ತು ತುಂಬಿ ಅದು ದಪ್ಪವಾಗಿತ್ತು. ಅಂದರೆ ಇದು ಉರಿಯುವ ರೋಗಕ್ಕಿಂತ ಹೆಚ್ಚಾಗಿ ಸವೆದು ಹದಗೆಡುವ ರೋಗ. ಹೀಗಿದ್ದೂ 1950ರ ದಶಕದಿಂದ ಬಳಕೆಗೆ ಬಂದ ಸ್ಟಿರಾಯ್ಡ್ ಚುಚ್ಚುಮದ್ದು ಹಲವರಿಗೆ ಗುಣ ಕೊಡುತ್ತಲೇ ಇದೆ. ಅದಕ್ಕೂ ಬಗ್ಗದಿದ್ದರೆ ಡಿ ಕೆರ್ವೇನ್ ಮಾಡಿದ ಶಸ್ತ್ರಕ್ರಿಯೆಯೇ ಇಂದಿಗೂ ದಾರಿ. ಸುರಂಗದ ಮಾಡನ್ನು ಸೀಳುವುದು, ಅಷ್ಟೆ. ಸರಳವಾಗಿ ಕಂಡರೂ ಎರಡು ಎಡವಟ್ಟುಗಳಿವೆ. ಕೆಲವರಲ್ಲಿ ಸುರಂಗದ ನಡುವೆ ಒಂದು ಗೋಡೆಯಿದ್ದು ಎರಡು ಕೋಣೆಗಳಿರುತ್ತವೆ. ಒಂದನ್ನು ಬಿಡಿಸಿ ಇನ್ನೊಂದನ್ನು ಮರೆತರೆ ನೋವು ಉಳಿಯುತ್ತದೆ. ಹಾಗೆಯೇ ಹೆಬ್ಬೆರಳಿನ ಹಿಂಬದಿಯ ಚರ್ಮಕ್ಕೆ ಸ್ಪರ್ಶಜ್ಞಾನ ಕೊಡುವ ತೆಳು ನರವೊಂದು ಇಲ್ಲೇ ಹಾದುಹೋಗುತ್ತದೆ. ಅದಕ್ಕೆ ಕತ್ತಿ ತಗುಲಿದರೆ ಹಳೆಯ ನೋವಿಗಿಂತ ಹೊಸ ನೋವೇ ಕಷ್ಟ. ನರ ಮತ್ತು ರಜ್ಜು ಬೇರೆ ಬೇರೆ ಎಂಬ ಹಾಲರನ ಪಾಠ ಇಲ್ಲಿ ಅಕ್ಷರಶಃ ಉಪಯೋಗಕ್ಕೆ ಬರುತ್ತದೆ.

ಚುಚ್ಚುಮದ್ದಿಗೂ ಮೊದಲು ಎಲ್ಲ ವೈದ್ಯರೂ ಬರೆಯುವ ಔಷಧವೆಂದರೆ ವಿಶ್ರಾಂತಿ. ಹೆಬ್ಬೆರಳಿಗೆ ಒಂದು ಪಟ್ಟಿ ಕಟ್ಟಿ, ಕೆಲವು ವಾರ ಕೆಲಸ ಬೇಡ ಎನ್ನುತ್ತಾರೆ. ಯಾರಿಗೆ ಬೇಡ? ದಕ್ಷಿಣ ಕನ್ನಡದ ಬೀಡಿ ಕಟ್ಟುವ ಹೆಂಗಸಿಗೆ ಕೂಲಿ ಲೆಕ್ಕ ಹಾಕುವುದು ಸಾವಿರ ಬೀಡಿಗೆ ಇಷ್ಟು ಎಂದು. ಮಲೆನಾಡಿನಲ್ಲಿ ಮೆಟ್ಟುಗತ್ತಿಯ ಮುಂದೆ ಕುಳಿತು ಹಸಿ ಅಡಿಕೆ ಸುಲಿಯುವವರಿಗೂ ಸುಲಿದಷ್ಟಕ್ಕೇ ದುಡ್ಡು, ಅದೂ ಕೊಯ್ಲಿನ ಕೆಲವು ವಾರ ಮಾತ್ರ. ಬೆರಳು ನಿಂತರೆ ಒಲೆಯೂ ನಿಲ್ಲುತ್ತದೆ. ಇನ್ನು ಹಸುಗೂಸಿನ ತಾಯಿಗೆ ವಿಶ್ರಾಂತಿ ಹೇಳುವುದಂತೂ ಹಾಸ್ಯವೇ ಸರಿ. ಈ ರೋಗ ಹೆಂಗಸರಲ್ಲಿ ಹೆಚ್ಚು, ಅದರಲ್ಲೂ ಹೆರಿಗೆಯಾದ ಮೊದಲ ತಿಂಗಳುಗಳಲ್ಲಿ ಹೆಚ್ಚು. ಹೆಬ್ಬೆರಳನ್ನು ಅಗಲಿಸಿ, ಮಗುವಿನ ಕಂಕುಳಲ್ಲಿ ಕೈಕೊಟ್ಟು ಎತ್ತುವುದು ದಿನಕ್ಕೆ ಎಷ್ಟು ಸಲವೋ! ನಮ್ಮ ಮನೆಗಳಲ್ಲಿ ಬಾಣಂತಿ ಮಣಿಕಟ್ಟು ಹಿಡಿದುಕೊಂಡರೆ ‘ತಣ್ಣೀರು ಮುಟ್ಟಿದೆಯಾ, ವಾಯು ಆಗಿದೆ’ ಎನ್ನುವುದು ವಾಡಿಕೆ. ಮಗುವನ್ನು ಅಂಗೈ ಮೇಲ್ಮಾಡಿ, ಬುಡದಿಂದ ಎತ್ತುವುದನ್ನು ಯಾರಾದರೂ ತೋರಿಸಿಕೊಟ್ಟರೆ ಅರ್ಧ ನೋವು ಕಡಿಮೆಯಾದೀತು. ಮಗು ಬೆಳೆದಂತೆ ಬಹಳ ಮಂದಿಗೆ ತಾನಾಗಿಯೇ ವಾಸಿಯಾಗುತ್ತದೆ.

ಈ ನೋವು ಕೆಲಸದಿಂದ ಬಂದದ್ದೇ, ಇಲ್ಲವೇ ಎಂಬುದು ನ್ಯಾಯಾಲಯದ ಪ್ರಶ್ನೆಯಾಗಿಯೂ ಬೆಳೆಯಿತು. 1980ರ ದಶಕದ ನಡುವಿನಲ್ಲಿ ಆಸ್ಟ್ರೇಲಿಯಾದಲ್ಲಿ ಕೀಲಿಮಣೆ ಕುಟ್ಟುವವರ ಕೈನೋವು ಸಾಂಕ್ರಾಮಿಕದಂತೆ ಹಬ್ಬಿತು, ಕೆಲವೇ ವರ್ಷಗಳಲ್ಲಿ ಇಳಿಯಿತು. ಕೆಲವರು ಯಂತ್ರವನ್ನು ದೂರಿದರು, ಕೆಲವರು ಮನಸ್ಸನ್ನು, ಇನ್ನು ಕೆಲವರು ಪರಿಹಾರದ ಆಸೆಯನ್ನು. ನೋವು ತಿನ್ನುತ್ತಿದ್ದವರನ್ನು ‘ಕಾಂಗರೂ ಕೈ’ ಎಂದು ಹಂಗಿಸಿದ್ದೂ ಉಂಟು. 1993ರಲ್ಲಿ ಲಂಡನ್ನಿನ ನ್ಯಾಯಾಧೀಶರೊಬ್ಬರು ಪತ್ರಕರ್ತನೊಬ್ಬನ ದಾವೆಯಲ್ಲಿ, ಪದೇಪದೇ ಮಾಡುವ ಕೆಲಸದಿಂದ ಬರುವ ಕೈನೋವು ಎಂಬ ಆ ಸಡಿಲ ಹೆಸರಿಗೆ ವೈದ್ಯಶಾಸ್ತ್ರದಲ್ಲಿ ಅರ್ಥವೇ ಇಲ್ಲವೆಂದು ತೀರ್ಪಿತ್ತರು. ಸಡಿಲ ಹೆಸರಿನ ಬಗ್ಗೆ ಅವರ ಆಕ್ಷೇಪಣೆಯಲ್ಲಿ ಹುರುಳಿರಬಹುದು. ಎಲ್ಲ ಕೈನೋವನ್ನೂ ಒಂದೇ ಚೀಲಕ್ಕೆ ತುಂಬಿದರೆ ಯಾವುದೂ ರುಜುವಾತಾಗುವುದಿಲ್ಲ. ಆದರೆ ಚೀಲ ಬೇಡವೆಂದು ಒಳಗಿದ್ದುದನ್ನೂ ಎಸೆದರೆ ನೋವುಂಡವನಿಗೆ ನ್ಯಾಯ ಸಿಕ್ಕಿದಂತಾಗಲಿಲ್ಲ. ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ 2010ರಲ್ಲಿ ಕಸುಬಿನ ರೋಗಗಳ ತನ್ನ ಪಟ್ಟಿಯನ್ನು ಪರಿಷ್ಕರಿಸಿದಾಗ ಎಲುಬು ಮತ್ತು ಸ್ನಾಯುಗಳ ರೋಗಗಳ ಸಾಲಿನಲ್ಲಿ ಮೊಟ್ಟಮೊದಲು ಬರೆದದ್ದು ಹೆಬ್ಬೆರಳಿನ ಬುಡದ ಈ ಮೊದಲ ಸುರಂಗದ ರೋಗವನ್ನೇ. ಪದೇಪದೇ ಮಾಡುವ ಚಲನೆ, ಹೆಚ್ಚಿನ ಬಲ, ಮಣಿಕಟ್ಟಿನ ವಿಪರೀತ ಭಂಗಿ ಎಂದು ಕಾರಣಗಳನ್ನೂ ಬರೆಯಿತು. ಬಟ್ಟೆ ಹಿಂಡುವವಳ ಕೈಯಲ್ಲಿ ಈ ಮೂರೂ ಇದ್ದವು.

ಕೆಲಸವಲ್ಲದ ಕೆಲಸದಿಂದಲೂ ಹೆಬ್ಬೆರಳು ಕೆಡಬಹುದೆಂದು ಜಗತ್ತಿಗೆ ತಿಳಿದದ್ದು ವಿಡಿಯೋ ಆಟಗಳು ಬಂದಮೇಲೆ. 1990ರಲ್ಲಿ ಅಮೆರಿಕದ ಪ್ರತಿಷ್ಠಿತ ವೈದ್ಯ ಪತ್ರಿಕೆಯೊಂದರಲ್ಲಿ ಒಂದು ಪತ್ರ ಪ್ರಕಟವಾಯಿತು. ಐದು ಗಂಟೆ ಬಿಡುವಿಲ್ಲದೆ ನಿಂಟೆಂಡೊ ಆಡಿದ ಹೆಂಗಸೊಬ್ಬಳ ಬಲ ಹೆಬ್ಬೆರಳಿನ ರಜ್ಜು ನೊಂದಿತ್ತು. ವೈದ್ಯರು ಇದಕ್ಕೆ ತಮಾಷೆಯಾಗಿ ‘ನಿಂಟೆಂಡಿನೈಟಿಸ್’ ಎಂದು ಹೆಸರಿಟ್ಟರು. ಆಕೆಯ ವಯಸ್ಸೂ 35, ಡಿ ಕೆರ್ವೇನನ ಮೊದಲ ರೋಗಿಯಷ್ಟೇ!

ಇದಕ್ಕಿಂತ ಗಂಭೀರವಾದದ್ದು 2015ರಲ್ಲಿ ವರದಿಯಾದ ಪ್ರಕರಣ. ಕ್ಯಾಲಿಫೋರ್ನಿಯಾದ 29 ವರ್ಷದ ಯುವಕನೊಬ್ಬ ಮೊಬೈಲ್ ಫೋನಿನಲ್ಲಿ ಬಣ್ಣದ ಮಿಠಾಯಿಗಳನ್ನು ಜೋಡಿಸುವಂಥ ಆಟವನ್ನು ಆರರಿಂದ ಎಂಟು ವಾರ ದಿನವಿಡೀ ಆಡಿದ. ಬಲಗೈ ಬೇರೆ ಕೆಲಸ ಮಾಡುತ್ತಿತ್ತು, ಎಡಗೈ ಆಡುತ್ತಿತ್ತು. ಒಂದು ದಿನ ಎಡ ಹೆಬ್ಬೆರಳು ಆಡದಾಯಿತು. ಡ್ರಮ್ಮಿನ ಹುಡುಗರಿಗೆ ಹರಿದಿದ್ದ ಅದೇ ಎಡಗೈಯ ಅದೇ ಉದ್ದನೆಯ ರಜ್ಜು ಹರಿದಿತ್ತು. ಅಷ್ಟು ದಿನ ಅವನಿಗೆ ನೋವೇ ಗೊತ್ತಾಗಲಿಲ್ಲವೆ ಎಂದು ವೈದ್ಯರು ಯೋಚಿಸಿದರು. ಆಟದ ಸುಖ ನೋವನ್ನು ಮರೆಸುವ ಔಷಧದಂತೆ ಕೆಲಸ ಮಾಡಿರಬಹುದೇ ಎಂಬ ಅನುಮಾನವನ್ನು ಅವರು ಬರೆದಿದ್ದಾರೆ. ಒಬ್ಬ ರೋಗಿಯ ಕಥೆಯಿಂದ ಇದನ್ನು ಸಿದ್ಧಾಂತ ಮಾಡಲಾಗದು. ಡ್ರಮ್ಮಿನ ಹುಡುಗನಿಗೆ ಅಧಿಕಾರಿಯ ಭಯವಿತ್ತು, ಇವನನ್ನು ಯಾರೂ ಆಡೆಂದು ಒತ್ತಾಯಿಸಿರಲಿಲ್ಲ. ಅವನಿಗೆ ಶಸ್ತ್ರಚಿಕಿತ್ಸೆ ಬೇಕಾಯಿತು.

ಹೀಗೆ ಸವೆದು ಹರಿದ ರಜ್ಜುವನ್ನು ಹೆಚ್ಚಿನ ವೇಳೆ ತುದಿಗೆ ತುದಿ ಕೂಡಿಸಿ ಹೊಲಿಯಲಾಗುವುದಿಲ್ಲ. ತುದಿಗಳು ಹಳೆಯ ಹಗ್ಗದಂತೆ ಬಿರಿದು, ಒಂದಕ್ಕೊಂದು ದೂರ ಸರಿದಿರುತ್ತವೆ. ಆದ್ದರಿಂದ ಶಸ್ತ್ರವೈದ್ಯರು ಸಾಲ ಮಾಡುತ್ತಾರೆ. ತೋರುಬೆರಳನ್ನು ನೀಡಲು ಎರಡು ರಜ್ಜುಗಳಿವೆ. ಅವುಗಳಲ್ಲಿ ಒಂದನ್ನು ಬಿಡಿಸಿ ತಂದು ಹೆಬ್ಬೆರಳಿಗೆ ಜೋಡಿಸುತ್ತಾರೆ. ತೋರುಬೆರಳಿಗೆ ಹೆಚ್ಚಿನ ನಷ್ಟವಾಗುವುದಿಲ್ಲ. ಆದರೆ ಮಿದುಳಿಗೆ ಈ ವರ್ಗಾವಣೆಯ ಸುದ್ದಿ ಗೊತ್ತಿರುವುದಿಲ್ಲ. ಪಟ್ಟಿ ಬಿಚ್ಚಿದ ಮೇಲೆ ರೋಗಿಯನ್ನು ಮೇಜಿನ ಮುಂದೆ ಕೂರಿಸಿ, ಅಂಗೈಯನ್ನು ಮೇಜಿಗೆ ಒತ್ತಿಸಿ, ‘ತೋರುಬೆರಳನ್ನು ಎತ್ತಿ’ ಎನ್ನುತ್ತಾರೆ. ಅವನು ತೋರುಬೆರಳನ್ನು ಎತ್ತಲು ಹೊರಟರೆ ಜೊತೆಗೆ ಹೆಬ್ಬೆರಳೂ ಏಳುತ್ತದೆ. ಹೆಬ್ಬೆರಳೊಂದನ್ನೇ ನೆನೆದು ಎತ್ತಲು ಬರುವುದಕ್ಕೆ ಇನ್ನೂ ಕೆಲವು ವಾರ ಬೇಕು.